ಬೇಸ್‌ಬಾಲ್ ಕ್ಯಾಚರ್ (ಬ್ಯಾಟರ್ ಹಿಂದೆ ಕೂತು ಚೆಂಡು ಹಿಡಿಯುವವ) ಎರಡನೇ ಬೇಸ್‌ಗೆ ಎಸೆಯುವಾಗ ಕೈಬಲ ಮುಖ್ಯವೋ, ಕಾಲಿನ ಚಲನೆಯೋ?

ಮೊದಲು ಕಾಲು. ಕೈಬಲ ಆಮೇಲೆ.

ಬ್ಯಾಟರ್ ನಿಲ್ಲುವ ಹೋಮ್ ಪ್ಲೇಟ್‌ನಿಂದ ಎರಡನೇ ಬೇಸ್‌ಗೆ 127 ಅಡಿಗೂ ಸ್ವಲ್ಪ ಜಾಸ್ತಿ ದೂರ. ಚೆಂಡು ಕ್ಯಾಚರ್‌ನ ಗ್ಲೌಸ್‌ಗೆ ಬಿದ್ದಾಗಿನಿಂದ ಅಲ್ಲಿ ತಲುಪುವವರೆಗಿನ ಹೊತ್ತನ್ನು ‘ಪಾಪ್ ಟೈಮ್’ ಅಂತಾರೆ. ಅಮೆರಿಕದ ಮೇಜರ್ ಲೀಗ್‌ನಲ್ಲಿ ಇದು ಸರಾಸರಿ 2 ಸೆಕೆಂಡ್. 2019ರಲ್ಲಿ ಕ್ಯಾಚರ್ ಜೆ.ಟಿ. ರಿಯಲ್ಮುಟೊ ಸರಾಸರಿ 1.9ಕ್ಕಿಂತ ಕಡಿಮೆ ತೆಗೆದುಕೊಂಡಿದ್ದರು. ಕಳ್ಳ ಓಟ (ಚೆಂಡು ಬ್ಯಾಟರ್ ಕಡೆ ಬರುವಾಗಲೇ ಓಟಗಾರ ಮುಂದಿನ ಬೇಸ್‌ಗೆ ನುಗ್ಗುವುದು) ಸಿಕ್ಕಿಬೀಳೋದು ಈ ಚೂರುಪಾರು ವ್ಯತ್ಯಾಸದಲ್ಲೇ.

ಬಲಗೈ ಆಟಗಾರ ಅಂತಿಟ್ಟುಕೊಳ್ಳಿ. ಚೆಂಡು ಗ್ಲೌಸ್‌ಗೆ ಬರುವಾಗಲೇ ಬಲಗಾಲು ಮೈಯ ನಡುಭಾಗದ ಕೆಳಗೆ ಸರಿಯಬೇಕು. ಪಾದದ ಒಳಬದಿ ಎರಡನೇ ಬೇಸ್ ಕಡೆ ಇರಲಿ. ಆಗ ಸೊಂಟ, ಎಡಭುಜ ತಾವಾಗೇ ಗುರಿಗೆ ತಿರುಗುತ್ತವೆ. ಆಮೇಲೆ ಎಡಗಾಲು ನೇರ ಎರಡನೇ ಬೇಸ್ ಕಡೆ ಚಿಕ್ಕ ಹೆಜ್ಜೆ ಇಡಲಿ. ಅದು ಎಡಕ್ಕೆ ವಾಲಿದರೆ ಭುಜ ಬೇಗ ತೆರೆದುಕೊಂಡು ಚೆಂಡು ಬಲಕ್ಕೆ ಹೋಗುತ್ತದೆ. ಪೂರ್ತಿ ನೆಟ್ಟಗೆ ಎದ್ದು ನಿಲ್ಲಲೇಬೇಡಿ. ಮಂಡಿ ಬಾಗಿಯೇ ಇರಲಿ. ಹೊಸಬರು ಜಾಸ್ತಿ ಸಮಯ ಕಳೆದುಕೊಳ್ಳೋದು ಇಲ್ಲೇ.

ಗ್ಲೌಸನ್ನು ಬಲ ಕಿವಿಯ ಕಡೆ ತರುತ್ತಾ, ಎದೆಯ ಹತ್ತಿರವೇ ಚೆಂಡು ತೆಗೆಯಿರಿ. ಎರಡು ಬೆರಳು ಹೊಲಿಗೆಗೆ ಅಡ್ಡಲಾಗಿ ಕೂರಬೇಕು, ಆಗ ಚೆಂಡು ನೇರ ಹೋಗುತ್ತದೆ. ಪಿಚರ್ (ಬ್ಯಾಟರ್‌ಗೆ ಚೆಂಡು ಎಸೆಯುವವ) ತರಹ ಕೈಯನ್ನು ಹಿಂದಕ್ಕೆ ದೊಡ್ಡದಾಗಿ ಬೀಸೋದು ಬೇಡ. ಗುರಿ, ಬೇಸಿನ ಮೇಲೆ ಮಂಡಿ ಎತ್ತರ.

2023ರಲ್ಲಿ ಮೇಜರ್ ಲೀಗ್ ಬೇಸಿನ ಅಗಲವನ್ನು 15ರಿಂದ 18 ಇಂಚಿಗೆ ಏರಿಸಿತು. ಮೊದಲನೇ ಬೇಸ್‌ನಿಂದ ಎರಡನೇ ಬೇಸ್‌ಗೆ ಓಡುವವನ ದೂರ ನಾಲ್ಕೂವರೆ ಇಂಚು ಕಡಿಮೆಯಾಯಿತು, ಅಲ್ವಾ? ಹಾಗಾಗಿ ದಿನಾ ಸ್ವಲ್ಪ ಹೊತ್ತು ಚೆಂಡು ಎಸೆಯದೆ ಸುಮ್ನೆ ಕಾಲು ಬದಲಿಸುವುದನ್ನೇ ಅಭ್ಯಾಸ ಮಾಡಿ. ಭುಜಕ್ಕೂ ಆಯಾಸ ಆಗಲ್ಲ.