ಕಥೆ ಕಟ್ಟುಕಥೆ ಎಂದು ಗೊತ್ತಿದ್ದೂ ಅಳು ಬರುವುದೇಕೆ?

ಈ ತೊಡಕನ್ನು ಈಗಿನ ರೂಪದಲ್ಲಿ ಮುಂದಿಟ್ಟವರು ತತ್ತ್ವಜ್ಞಾನಿ ಕಾಲಿನ್ ರಾಡ್‌ಫರ್ಡ್, 1975ರಲ್ಲಿ. ಅದರಲ್ಲಿ ಮೂರು ಎಳೆಗಳಿವೆ: ಪಾತ್ರದ ಬಗ್ಗೆ ಮರುಕ ಹುಟ್ಟುತ್ತದೆ, ಮರುಕ ಹುಟ್ಟಲು ಆ ವ್ಯಕ್ತಿ ಇದ್ದಾನೆಂದು ನಂಬಬೇಕು, ಅವನು ಇಲ್ಲವೆಂದು ನಮಗೆ ಗೊತ್ತು. ಮೂರೂ ಒಟ್ಟಿಗೆ ನಿಜವಾಗಲಾರವು. ನಮ್ಮ ಭಾವನೆಯೇ ಅಸಂಗತ ಎಂದುಬಿಟ್ಟರು ರಾಡ್‌ಫರ್ಡ್.

1978ರಲ್ಲಿ ಇನ್ನೊಬ್ಬ ತತ್ತ್ವಜ್ಞಾನಿ ಕೆಂಡಲ್ ವಾಲ್ಟನ್ ಮೊದಲ ಎಳೆಗೇ ಕತ್ತರಿ ಹಾಕಿದರು. ಪರದೆಯ ಮೇಲೆ ಭೂತ ಕಂಡು ಎದೆ ಹೊಡೆದುಕೊಂಡರೂ ನಾವು ಎದ್ದು ಓಡುವುದಿಲ್ಲ. ಹಾಗಾಗಿ ಅದು ಆಟದೊಳಗಿನ ಅರೆಭಯ. ಭಯಕ್ಕೆ ಈ ವಾದ ಹೊಂದುತ್ತದೆ, ದುಃಖಕ್ಕೆ ಅಷ್ಟಾಗಿ ಇಲ್ಲ. ಎಂದೋ ಸತ್ತವರಿಗಾಗಿ ಅಳುವಾಗಲೂ ನಾವು ಮಾಡುವುದು ಏನೂ ಇರುವುದಿಲ್ಲ, ಆದರೂ ಆ ಅಳು ಅರೆಬರೆಯಲ್ಲ.

ನಿಜಕ್ಕೂ ಸಡಿಲವಾಗಿರುವುದು ಎರಡನೆಯ ಎಳೆ. ಭಾವನೆಗೆ ನಂಬಿಕೆ ಬೇಕಿಲ್ಲ, ಮನಸ್ಸಿನಲ್ಲಿ ಚಿತ್ರ ಮೂಡಿದರೆ ಸಾಕು ಎನ್ನುತ್ತಾರೆ ಕಲೆಯ ತತ್ತ್ವಜ್ಞಾನಿ ನೋಯೆಲ್ ಕ್ಯಾರೊಲ್. ಎತ್ತರದ ಗಟ್ಟಿ ಗಾಜಿನ ನೆಲದ ಮೇಲೆ ನಿಂತು ಕೆಳಗೆ ನೋಡಿ: ಬೀಳುವುದಿಲ್ಲವೆಂದು ಗೊತ್ತು, ಕಾಲು ನಡುಗುವುದು ನಿಲ್ಲದು.

ಆ ಅಳುವಿನಲ್ಲೂ ಸುಖವೇಕೆ ಎಂಬುದು ಬೇರೆಯೇ ಪ್ರಶ್ನೆ. ಅದಕ್ಕೆ ಸಂಸ್ಕೃತ ಕಾವ್ಯಮೀಮಾಂಸಕ ಭಟ್ಟನಾಯಕನ ಸಾಧಾರಣೀಕರಣವೇ, ಅಂದರೆ ಒಬ್ಬರ ಭಾವ ಎಲ್ಲರದಾಗುವುದೇ, ಹೆಚ್ಚು ಒಪ್ಪುವ ಉತ್ತರ: ರಂಗದ ಶೋಕ ಇಂಥವರದೆಂಬ ಹಣೆಪಟ್ಟಿ ಕಳಚಿಕೊಂಡಿರುತ್ತದೆ, ಹಾಗಾಗಿ ಅದನ್ನು ಸವಿಯಬಹುದು.