ಕಾಸಾಬ್ಲಾಂಕಾದ ಆ ಬ್ಯಾಂಕರ್ ಯಾರು? – ಪ್ರತಿಕ್ರಿಯೆ

‘ಕಾಸಾಬ್ಲಾಂಕಾ’ ಸಿನಿಮಾದಲ್ಲಿ (1942) ಆಮ್‌ಸ್ಟರ್‌ಡ್ಯಾಮ್ ಬ್ಯಾಂಕರ್ ಆಗಿ ಬರುವ ನಟ ಯಾರು ಅಂತ ಕೇಳಿದ್ದೀರಿ. ಆ ಹೆಸರು ನಿಮಗೆ ಸಿಗದಿರಲು ಕಾರಣ, ಬಹುಶಃ ನೀವು ಟೈಟಲ್ ಕಾರ್ಡಿನಲ್ಲಿ ಹುಡುಕುತ್ತಿರುವುದು. ಅಲ್ಲಿ ಅವರ ಹೆಸರೇ ಹಾಕಿಲ್ಲ. ಅವರು ಟೋರ್ಬೆನ್ ಮೇಯರ್, 1884ರಲ್ಲಿ ಡೆನ್ಮಾರ್ಕಿನಲ್ಲಿ ಹುಟ್ಟಿದವರು.

ಮೊದಲು ದೃಶ್ಯ ಖಚಿತ ಮಾಡಿಕೊಳ್ಳಿ. ತಾನು ಆಮ್‌ಸ್ಟರ್‌ಡ್ಯಾಮ್‌ನ ಎರಡನೇ ದೊಡ್ಡ ಬ್ಯಾಂಕ್ ನಡೆಸುತ್ತಿದ್ದವನು ಅಂತ ತಿಳಿದರೆ ಕೆಫೆಯ ಮಾಲೀಕ ರಿಕ್ ತಮ್ಮ ಜೊತೆ ಕೂರಬಹುದೇನೋ ಎಂದು ಈ ಬ್ಯಾಂಕರ್ ವೇಟರ್‌ಗೆ ಹೇಳುತ್ತಾರೆ. ಅಲ್ಲಿನ ಮೊದಲನೇ ಬ್ಯಾಂಕರ್ ಈಗ ನಮ್ಮ ಅಡುಗೆಮನೆಯಲ್ಲಿ ಪೇಸ್ಟ್ರಿ ಮಾಡುತ್ತಿದ್ದಾರೆ ಅಂತ ವೇಟರ್ ಉತ್ತರ. ಕೆಲವೇ ಕ್ಷಣ, ಆದರೆ ಊರು ಬಿಟ್ಟು ಬಂದವರ ಪಾಡು ಪೂರ್ತಿ ಅದರಲ್ಲಿದೆ. ನೀವು ಕೇಳುತ್ತಿರುವುದು ಬೇರೆ ಮೇಜಿನವರ ಬಗ್ಗೆಯಾದರೆ ನನ್ನ ಉತ್ತರ ಹೊಂದುವುದಿಲ್ಲ.

ಆಮೇಲೆ ‘ಜಡ್ಜ್‌ಮೆಂಟ್ ಅಟ್ ನ್ಯೂರೆಂಬರ್ಗ್’ (1961) ಸಿನಿಮಾ ಹಾಕಿ. ಕಟಕಟೆಯಲ್ಲಿ ಕೂತ ನಾಲ್ವರು ಆರೋಪಿಗಳಲ್ಲಿ ವರ್ನರ್ ಲಾಂಪೆ ಪಾತ್ರ ಮಾಡಿದವರು ಮೇಯರ್ ಅವರೇ. ಇಲ್ಲಿ ಜಾಸ್ತಿ ಹೊತ್ತು ಕಾಣುತ್ತಾರೆ, ಮುಖ ಹೋಲಿಸಿ ನೋಡುವುದು ಸುಲಭ. ಮುಖ ಒಮ್ಮೆ ಮನಸ್ಸಿಗೆ ಕೂತರೆ, 1940ರ ದಶಕದಲ್ಲಿ ನಿರ್ದೇಶಕ ಪ್ರೆಸ್ಟನ್ ಸ್ಟರ್ಜಸ್ ಮಾಡಿದ ಕಾಮಿಡಿಗಳನ್ನು ನೋಡಿ. ಅವರ ಖಾಯಂ ನಟರ ಗುಂಪಿನಲ್ಲಿ ಮೇಯರ್ ಇದ್ದರು. ಹಾಲಿವುಡ್‌ಗೆ ಹೋಗುವ ಮುಂಚಿನ ಮೂಕಿ ಚಿತ್ರಗಳು ಬೇಕಿದ್ದರೆ ಡ್ಯಾನಿಶ್ ಫಿಲ್ಮ್ ಇನ್‌ಸ್ಟಿಟ್ಯೂಟ್‌ನ ವೆಬ್‌ಸೈಟಿನಲ್ಲಿ ಇದೇ ಹೆಸರು ಹಾಕಿ ಹುಡುಕಿ.