ಹಳ್ಳದಾಚೆ ಹೋಗಲಿರುವ ಮತಗಟ್ಟೆ

ನಮಸ್ಕಾರ.

ನಿಮ್ಮ ಪತ್ರ ತಲುಪಿತು. ಹೆಸರು, ಊರು ಹಾಕಬೇಡಿ ಎಂದಿದ್ದೀರಿ, ಹಾಕಿಲ್ಲ. ಉಳಿದ ಓದುಗರಿಗಾಗಿ ವಿಷಯ ಇಷ್ಟು: ಗ್ರಾಮ ಪಂಚಾಯತಿ ಚುನಾವಣೆಗೆ ಇವರ ಕೇರಿಯ ಶಾಲೆಯಲ್ಲಿದ್ದ ಮತಗಟ್ಟೆಯನ್ನು ಈ ಸಲ ಹಳ್ಳದಾಚೆಯ ಸಮುದಾಯ ಭವನಕ್ಕೆ ಹಾಕುತ್ತಾರಂತೆ. ಊರಿನ ಹುಡುಗರು ‘ಚುನಾವಣೆ ಘೋಷಣೆ ಆಗಲಿ, ಆಮೇಲೆ ಹೈಕೋರ್ಟಿಗೆ ಹೋಗಿ ತಡೆಯಾಜ್ಞೆ ತರೋಣ’ ಅನ್ನುತ್ತಿದ್ದಾರೆ. ಹೋದರೆ ಗೆಲ್ತೀವಾ ಎಂದು ಇವರು ಕೇಳಿದ್ದಾರೆ.

ಆ ‘ಆಮೇಲೆ’ ಅನ್ನುವ ಮಾತೇ ನನಗೆ ಭಯ ಹುಟ್ಟಿಸಿದ್ದು.

ಸಂವಿಧಾನದ 243-ಓ ವಿಧಿ ನೋಡಿ. ಪಂಚಾಯತಿ ಚುನಾವಣೆಯನ್ನು ಚುನಾವಣಾ ತಕರಾರು ಅರ್ಜಿಯ ಮೂಲಕವಲ್ಲದೆ ಬೇರೆ ರೀತಿಯಲ್ಲಿ ಪ್ರಶ್ನಿಸುವಂತಿಲ್ಲ ಎನ್ನುತ್ತದೆ. ‘ಚುನಾವಣೆ’ ಅಂದರೆ ಬರೀ ವೋಟು ಹಾಕುವ ದಿನವಲ್ಲ. 1952ರಲ್ಲಿ, ನಾಮಪತ್ರ ತಿರಸ್ಕೃತವಾಗಿದ್ದ ಪೊನ್ನುಸ್ವಾಮಿಯವರ ಪ್ರಕರಣದಲ್ಲೇ ಸುಪ್ರೀಂ ಕೋರ್ಟ್ ಹೇಳಿಬಿಟ್ಟಿದೆ: ಚುನಾವಣೆ ಘೋಷಿಸುವ ಅಧಿಸೂಚನೆಯಿಂದ ಫಲಿತಾಂಶದವರೆಗೆ ಎಲ್ಲವೂ ಅದರೊಳಗೇ ಬರುತ್ತದೆ. 2000ರಲ್ಲಿ ಅಶೋಕ್ ಕುಮಾರ್ ಪ್ರಕರಣದಲ್ಲಿ ಸಣ್ಣದೊಂದು ಕಿಂಡಿ ಬಿಟ್ಟಿತು, ನಿಜ. ಚುನಾವಣೆ ಸುಗಮವಾಗಿ ನಡೆಯಲು ನೆರವಾಗುವಂಥ ಆದೇಶವನ್ನು ಕೋರ್ಟು ಕೊಡಬಹುದು, ಅದೂ ಬಹಳ ಎಚ್ಚರಿಕೆಯಿಂದ. ಆದರೆ ನಿಮ್ಮ ಹುಡುಗರು ಕೇಳುತ್ತಿರುವುದು ತಡೆಯಾಜ್ಞೆ, ಅಲ್ವಾ?

ಹಾಗಾದರೆ ಫಲಿತಾಂಶ ಬಂದ ಮೇಲೆ? ನಮ್ಮ ರಾಜ್ಯದ 1993ರ ಪಂಚಾಯತ್ ರಾಜ್ ಕಾಯ್ದೆಯಲ್ಲಿ ಅವಕಾಶವಿದೆ. ಅಭ್ಯರ್ಥಿಯೇ ಆಗಬೇಕಿಲ್ಲ, ಮತದಾರನೂ 30 ದಿನದೊಳಗೆ ತಕರಾರು ಅರ್ಜಿ ಹಾಕಬಹುದು. ಕಷ್ಟ ಇರುವುದು ಪುರಾವೆಯಲ್ಲಿ. ನಿಯಮ ಮೀರಿದ್ದಾರೆ ಎಂದರೆ ಸಾಲದು, ಅದರಿಂದ ಫಲಿತಾಂಶವೇ ಬದಲಾಯಿತು ಎಂದು ತೋರಿಸಬೇಕು. ನಿಮ್ಮ ಕೇರಿಯ 60 ಜನ ಹಳ್ಳ ದಾಟಲಾಗದೆ ಮನೆಯಲ್ಲೇ ಉಳಿದರು, ಗೆಲುವಿನ ಅಂತರ 9 ವೋಟು ಎಂದಿಟ್ಟುಕೊಳ್ಳಿ. ಆ 60 ಜನ ಯಾರಿಗೆ ಹಾಕುತ್ತಿದ್ದರು? ಹಾಕದ ವೋಟಿಗೆ ಸಾಕ್ಷಿ ಎಲ್ಲಿಂದ ತರುತ್ತೀರಿ? ಊಹೆ ನಡೆಯುವುದಿಲ್ಲ ಎಂದು 1954ರಲ್ಲೇ ಸುಪ್ರೀಂ ಕೋರ್ಟ್ ಖಡಕ್ಕಾಗಿ ಹೇಳಿದೆ.

ಅದಕ್ಕೇ ಈಗಲೇ ಅರ್ಜಿ ಕೊಡಿ. ತಹಶೀಲ್ದಾರರಿಗೆ ಒಂದು, ಜಿಲ್ಲಾಧಿಕಾರಿಗೆ ಒಂದು, ರಾಜ್ಯ ಚುನಾವಣಾ ಆಯೋಗಕ್ಕೆ ಒಂದು. ಸುಮ್ನೆ ಕೊಟ್ಟು ಬರಬೇಡಿ, ನಿಮ್ಮ ಪ್ರತಿಯ ಮೇಲೆ ಸೀಲು, ತಾರೀಖು ಹಾಕಿಸಿಕೊಳ್ಳಿ. ಹಿಂಬರಹ, ಅಂದರೆ ಕಚೇರಿಯ ಲಿಖಿತ ಉತ್ತರ, ಕೊಡಿ ಎಂದು ಅರ್ಜಿಯಲ್ಲೇ ಕೇಳಿ. ಉತ್ತರ ಬರದಿದ್ದರೆ ಅಧಿಸೂಚನೆಗೆ ಮುಂಚೆಯೇ ಹೈಕೋರ್ಟಿನಲ್ಲಿ ರಿಟ್ ಅರ್ಜಿ ಹಾಕಿ, ಅಧಿಕಾರಿಗಳಿಗೆ ಆದೇಶ ಕೊಡಿ ಎಂದು ಕೇಳುವ ಅರ್ಜಿ ಅದು. ಆಗಲೂ ಕೋರ್ಟು ಮತಗಟ್ಟೆಯ ಜಾಗವನ್ನು ತಾನೇ ಗೊತ್ತು ಮಾಡುವುದು ಕಡಿಮೆ. ‘ಇವರ ಅರ್ಜಿ ಪರಿಶೀಲಿಸಿ, ಇಷ್ಟು ದಿನದಲ್ಲಿ ತೀರ್ಮಾನಿಸಿ’ ಎನ್ನಬಹುದು. ನಿಮಗೆ ಬೇಕಾದದ್ದೂ ಅಷ್ಟೇ ತಾನೇ?

ಅರ್ಜಿಯಲ್ಲಿ ‘ತುಂಬಾ ದೂರ’ ಎಂದು ಬರೆಯಬೇಡಿ. ನಡೆದು ನೋಡಿ, ಎಷ್ಟು ಹೊತ್ತು ಹಿಡಿಯಿತು ಎಂದು ಬರೆಯಿರಿ. ಹಳ್ಳದ ಫೋಟೊ ಇಡಿ. ಮತದಾರ 2 ಕಿ.ಮೀ.ಗಿಂತ ಜಾಸ್ತಿ ಹೋಗುವಂತಾಗಬಾರದು ಎಂಬ ಸೂಚನೆ ಭಾರತ ಚುನಾವಣಾ ಆಯೋಗದ್ದು, ಅದು ವಿಧಾನಸಭೆ, ಲೋಕಸಭೆಗೆ. ಪಂಚಾಯತಿ ಚುನಾವಣೆ ನಡೆಸುವವರೇ ಬೇರೆ, ರಾಜ್ಯ ಚುನಾವಣಾ ಆಯೋಗದವರು, ಆದ್ದರಿಂದ ಅದೊಂದನ್ನೇ ನಂಬಬೇಡಿ. ಅದಕ್ಕಿಂತ ಗಟ್ಟಿ ಮಾತು ನಿಮ್ಮ ಪತ್ರದ ಕೊನೆಯಲ್ಲೇ ಇದೆ: 2023ರ ಮೇ 10ರಂದು ವಿಧಾನಸಭೆಗೆ ನೀವು ವೋಟು ಹಾಕಿದ್ದು ಇದೇ ಶಾಲೆಯಲ್ಲಿ! ಆಗ ಸರಿಯಿದ್ದ ಕೋಣೆ ಈಗ ಯಾಕೆ ಆಗುವುದಿಲ್ಲ ಎಂದು ಮೊದಲ ಸಾಲಿನಲ್ಲೇ ಕೇಳಿ.

ದಾರಿ ಯಾರ ಮನೆ ಮುಂದೆ ಹಾದುಹೋಗುತ್ತದೆ ಎಂಬುದನ್ನೂ ಬರೆಯಿರಿ. ನಾನು ಹುಡುಗನಾಗಿದ್ದಾಗ ನಮ್ಮೂರ ಮತಗಟ್ಟೆಗೆ ಒಬ್ಬ ದೊಡ್ಡವರ ಜಗಲಿ ದಾಟಿಯೇ ಹೋಗಬೇಕಿತ್ತು. ನಮ್ಮ ಹೊಲಕ್ಕೆ ಕೂಲಿಗೆ ಬರುತ್ತಿದ್ದ ಅಜ್ಜಿ ಅಲ್ಲಿ ಚಪ್ಪಲಿ ಕಳಚಿ, ಸೆರಗಿನಡಿ ಹಿಡಿದು, ತಲೆ ತಗ್ಗಿಸಿ ಹೋದದ್ದು ಕಣ್ಣಿಗೆ ಕಟ್ಟಿದಂತಿದೆ. ಅವರ ಕೇರಿಯಿಂದ ಮತಗಟ್ಟೆಗೆ ಮುನ್ನೂರು ಹೆಜ್ಜೆಯೂ ಇರಲಿಲ್ಲ.

ಸಹಿ ಹಾಕುವವರಲ್ಲಿ ಹೆಂಗಸರು, ವಯಸ್ಸಾದವರು ಮೊದಲಿರಲಿ, ಹುಡುಗರು ಆಮೇಲೆ. ಹಿಂಬರಹ ಬಂದರೆ ಒಂದು ಜೆರಾಕ್ಸ್ ನಮಗೂ ಕಳಿಸಿ.

— ಸಂಪಾದಕ